ರಿಫ್ಲೋ ಆದ ಮೇಲೆ ಬೋರ್ಡ್ ಉಬ್ಬುತ್ತಿದೆ, ಟಿಜಿ 170 ಅಂತಲೇ ಕೇಳಿದ್ದೆ

ಕರಾವಳಿ_ಸರ್ಕ್ಯೂಟ್: ತಲೆ ಕೆಟ್ಟು ಹೋಗಿದೆ. ನಾಲ್ಕು ಲೇಯರ್ ಸರ್ಕ್ಯೂಟ್ ಬೋರ್ಡ್, ರಿಫ್ಲೋ (ಓವನ್‌ನಲ್ಲಿ ಬೆಸುಗೆ ಕರಗಿಸುವುದು) ಆದರೆ ಪದರಗಳ ನಡುವೆ ಗುಳ್ಳೆ. ಆರ್ಡರ್‌ನಲ್ಲಿ ಎಫ್‌ಆರ್-4 (ಬೋರ್ಡಿನ ಲ್ಯಾಮಿನೇಟ್ ಹಾಳೆ), ಟಿಜಿ (ಅದರ ರಾಳ ಮೆದುವಾಗುವ ಬಿಸಿ) 170 ಡಿಗ್ರಿ ಅಂತ ಸ್ಪಷ್ಟವಾಗಿ ಬರೆದಿದ್ದೆ. ಹಳೆಯ ಬ್ಯಾಚ್‌ಗೆ ಏನೂ ಆಗಿರಲಿಲ್ಲ. ಏನು ಮಾಡಲಿ?

ಬೆಸುಗೆಪ್ರಿಯ: ಮಂಗಳೂರಿನ ಮಳೆಗಾಲ ಅಲ್ವಾ? ತೇವವೇ ಕಾರಣ. 105ರಿಂದ 125 ಡಿಗ್ರಿಯಲ್ಲಿ ನಾಲ್ಕೈದು ಗಂಟೆ ಬೇಕ್ ಮಾಡಿ.

ಕರಾವಳಿ_ಸರ್ಕ್ಯೂಟ್: ಮಾಡಿದೆ. ಗುಳ್ಳೆ ಕಡಿಮೆಯಾಯಿತು, ನಿಲ್ಲಲಿಲ್ಲ.

ಬೆಸುಗೆಪ್ರಿಯ: ಹಾಗಾದರೆ ಬೇಕ್ ಸಾಲದು. ಒಂದರ ಮೇಲೊಂದು ಪೇರಿಸಿದ್ದೀರಾ? ಬಿಡಿಬಿಡಿಯಾಗಿ ಇಡಿ. ಹೊರಗೆ ತೆಗೆದ ಕೂಡಲೇ ರಿಫ್ಲೋಗೆ ಹಾಕಿ.

ತರಂಗ_73: ಫಿನಿಶ್ (ತಾಮ್ರದ ಮೇಲಿನ ಲೇಪ) ಯಾವುದೆಂದು ಕೇಳದೆ ಬೇಕ್ ಮಾಡಿ ಅನ್ನಬೇಡಿ. ಓಎಸ್‌ಪಿ (ಸಾವಯವ ಲೇಪ) ಬೋರ್ಡ್ ಆದರೆ ಆಮೇಲೆ ಬೆಸುಗೆ ಸರಿಯಾಗಿ ಹಿಡಿಯುವುದಿಲ್ಲ.

ಬೆಸುಗೆಪ್ರಿಯ: ಓಎಸ್‌ಪಿ ಅಂತ ಯಾರು ಹೇಳಿದರು? ಸುಮ್ನೆ ಹೆದರಿಸಬೇಡಿ.

ಪೀಣ್ಯ_ಲ್ಯಾಮಿನೇಟ್: ಇಬ್ಬರೂ ಸ್ವಲ್ಪ ನಿಲ್ಲಿ. ಬೆಸುಗೆ ಪೇಸ್ಟ್ ಯಾವುದು? ರಿಫ್ಲೋದ ಪೀಕ್ ಬಿಸಿ ಎಷ್ಟು?

ಕರಾವಳಿ_ಸರ್ಕ್ಯೂಟ್: ಫಿನಿಶ್ ಇನಿಗ್ (ನಿಕಲ್ ಮೇಲೆ ಚಿನ್ನ). ಪೇಸ್ಟ್ ಸ್ಯಾಕ್305 (ಸೀಸವಿಲ್ಲದ್ದು), ಪೀಕ್ 248 ಡಿಗ್ರಿ. ಹಳೆಯ ಬ್ಯಾಚ್ ಸೀಸದ ಪೇಸ್ಟ್. ಈ ಸಲ ಗಿರಾಕಿ ರೋಹ್ಸ್ (ಸೀಸ ಮುಂತಾದವನ್ನು ತಡೆಯುವ ನಿಯಮ) ಬೇಕು ಅಂದರು.

ಪೀಣ್ಯ_ಲ್ಯಾಮಿನೇಟ್: ಇದನ್ನೇ ಮೊದಲು ಹೇಳಬೇಕಿತ್ತು. ಸೀಸದ ಬೆಸುಗೆ 183ಕ್ಕೆ ಕರಗುತ್ತದೆ. ಸ್ಯಾಕ್305 ಕರಗಲು ಶುರುವಾಗುವುದೇ 217ಕ್ಕೆ. ಅಷ್ಟು ಬಿಸಿಯನ್ನು ತಡೆಯುತ್ತದೋ ಇಲ್ಲವೋ ಅಂತ ಟಿಜಿ ಹೇಳುವುದಿಲ್ಲ. ರಾಳ ಎಲ್ಲಿ ಮೆದುವಾಗುತ್ತದೆ ಅಂತ ಮಾತ್ರ ಹೇಳುತ್ತದೆ. ರಾಳ ಕೆಡಲು ಶುರುವಾಗುವ ಬಿಸಿ ಟಿಡಿ. ತೂಕದಲ್ಲಿ ಶೇ. 5 ಹೋದಾಗಿನ ಡಿಗ್ರಿ ಅದು.

ಎಫ್‌ಆರ್-4 ಅನ್ನುವುದೂ ನೀಮಾದ (ಅಮೆರಿಕದ ವಿದ್ಯುತ್ ಉಪಕರಣ ತಯಾರಕರ ಸಂಘ) ಹಳೆಯ ದರ್ಜೆ. ಗಾಜಿನ ಬಟ್ಟೆ, ಎಪಾಕ್ಸಿ, ಬೆಂಕಿ ತಡೆ, ಅಷ್ಟೇ ಗೊತ್ತಾಗುತ್ತದೆ. ಡ್ರಾಯಿಂಗ್‌ನಲ್ಲಿ ಐಪಿಸಿ-4101ರ (ಲ್ಯಾಮಿನೇಟ್‌ಗಳ ಮಾನದಂಡ) ಸ್ಲ್ಯಾಶ್ ನಂಬರ್, ಅಂದರೆ ಓರೆಗೆರೆಯ ನಂತರದ ಸಂಖ್ಯೆ, ಬರೆಯಬೇಕು. 4101/26ಕ್ಕೂ ಟಿಜಿ 170, 4101/126ಕ್ಕೂ 170. ಆದರೆ 126ರಲ್ಲಿ ಟಿಡಿ ಕನಿಷ್ಠ 340 ಇರಬೇಕು. 288 ಡಿಗ್ರಿಯಲ್ಲಿ 15 ನಿಮಿಷ ಪದರ ಬಿಡಬಾರದು. 50ರಿಂದ 260 ಡಿಗ್ರಿವರೆಗೆ ದಪ್ಪ ಶೇ. 3ಕ್ಕಿಂತ ಜಾಸ್ತಿ ಹಿಗ್ಗಬಾರದು. ನೀವು ಬರೆದ ಸಾಲಿಗೆ ಎರಡೂ ಹೊಂದುತ್ತವೆ. ಫ್ಯಾಬ್‌ನವರು (ಬೋರ್ಡ್ ತಯಾರಿಸಿಕೊಟ್ಟವರು) ಯಾವುದು ಕೊಟ್ಟರು?

ಬೆಸುಗೆಪ್ರಿಯ: ತೇವವನ್ನು ಬಿಡಬೇಡಿ. ಡೈಸಿ ಅನ್ನುವ ರಾಸಾಯನಿಕ ಹಾಕಿ ಗಟ್ಟಿ ಮಾಡಿದ ರಾಳ, ಫೀನಾಲಿಕ್ ಹಾಕಿ ಗಟ್ಟಿ ಮಾಡಿದ್ದಕ್ಕಿಂತ ಜಾಸ್ತಿ ನೀರು ಹೀರುತ್ತದೆ.

ಪೀಣ್ಯ_ಲ್ಯಾಮಿನೇಟ್: ಡೈಸಿ ರಾಳದ ಟಿಡಿಯೂ ಕಡಿಮೆ. ತೇವ ಹೋದರೂ ಅದು ಹಾಗೇ ಉಳಿಯುತ್ತದೆ. ಬೇಕ್ ಮಾಡಿದಾಗ ಅರ್ಧ ವಾಸಿಯಾಗಿದ್ದು ಅದಕ್ಕೇ ಇರಬೇಕು.

ತರಂಗ_73: ನನ್ನ ರಿಫ್ಲೋ ಓವನ್ ನಾನೇ ಕಟ್ಟಿದ್ದು. ಎರಡು ಕೆ-ಟೈಪ್ ಥರ್ಮೋಕಪಲ್ (ಬಿಸಿ ಅಳೆಯುವ ತಂತಿ), ಬೋರ್ಡಿನ ಮೇಲೆಯೇ ಅಳೆಯುತ್ತೇನೆ. ಗಾಳಿಯ ಬಿಸಿ ನೋಡಿ 248 ಅಂದರೆ ನಾನು ನಂಬುವುದಿಲ್ಲ. ಫೋಟೋ ಹಾಕಲಾ?

ಬೆಸುಗೆಪ್ರಿಯ: ಹಾಕಿ. ಹೀಟರ್ ಎಷ್ಟು ವ್ಯಾಟ್?

ಕರಾವಳಿ_ಸರ್ಕ್ಯೂಟ್: ಫ್ಯಾಬ್‌ಗೆ ಕೇಳಿದೆ. "ಹೈ ಟಿಜಿ ಹಾಕಿದ್ದೇವೆ" ಅಂತ ಮಾತ್ರ ಉತ್ತರ. ಲ್ಯಾಮಿನೇಟ್‌ನ ಹೆಸರು, ಡೇಟಾಶೀಟ್ ಎರಡನ್ನೂ ಕೇಳಿದ್ದೇನೆ. ಓವನ್ ಮಾತು ಬೇರೆ ಕಡೆ ಇಟ್ಟುಕೊಳ್ಳಿ, ದಯವಿಟ್ಟು. 126 ಅಂತ ಬರೆದರೆ ಬೆಲೆ ಎಷ್ಟು ಏರುತ್ತದೆ, ಯಾರಿಗಾದರೂ ಗೊತ್ತಾ?