ಹಿತ್ತಲಲ್ಲಿ ಹಾಟ್ ಟಬ್: ಕೆಳಗೆ ಕಾಂಕ್ರೀಟೋ, ಜಲ್ಲಿ ಸಾಕೋ?

ಮಿನ್ನೆಸೋಟಾದ ಮಿನ್ನಿಯಾಪೊಲಿಸ್‌ನಿಂದ ಪ್ರಶ್ನೆ: ಆರು ಜನ ಕೂರುವ ಬಿಸಿನೀರಿನ ಟಬ್ ಬುಕ್ ಮಾಡಿದ್ದೇವೆ. ಹಿತ್ತಲು ಇಳಿಜಾರು, ಜೇಡಿಮಣ್ಣು. ಅಡಿಗೆ ಕಾಂಕ್ರೀಟ್ ಸ್ಲ್ಯಾಬ್ ಹಾಕೋಕೆ ಕಾಂಟ್ರಾಕ್ಟರ್ 2,800 ಡಾಲರ್ ಕೇಳ್ತಿದ್ದಾನೆ. ನಾನೇ ಹಾಕಬಹುದಾ? ಮಾಡಿದವರು ಅನುಭವ ಹೇಳಿ.

ಮಿಷಿಗನ್ ಮಂಡ್ಯದವ: ನಾನೇ ಹಾಕಿದೆ. ಎಂಟಡಿ ಚೌಕ, 4 ಇಂಚು ದಪ್ಪ. 80 ಪೌಂಡಿನ ಕಾಂಕ್ರೀಟ್ ಮಿಶ್ರಣದ ಚೀಲ 36 ಬೇಕು, ನಾನು 40 ತಂದೆ. ಚೀಲಕ್ಕೆ 240, ಮಿಕ್ಸರ್ ಬಾಡಿಗೆ 75, ಜಲ್ಲಿ ಬಡಿಯೋ ಕಾಂಪ್ಯಾಕ್ಟರ್‌ಗೆ 90, ಜಲ್ಲಿ 110, ಸರಳು 62, ಹಲಗೆ 38. ಒಟ್ಟು 615 ಡಾಲರ್. ಬೆಳಗ್ಗೆ ಆರಕ್ಕೆ ಶುರು ಮಾಡಿದ್ದು, 22ನೇ ಚೀಲಕ್ಕೆ ಸೊಂಟ ಹಿಡಿದುಕೊಳ್ತು. ಅರ್ಧ ಗಂಟೆ ಕೂತು ಎದ್ದರೆ ಮೊದಲರ್ಧ ಗಟ್ಟಿಯಾಗ್ತಿತ್ತು. ಆ ಜೋಡಣೆ ಗೆರೆ ಇವತ್ತಿಗೂ ಕಾಣುತ್ತೆ, ನೋಡಿದಾಗೆಲ್ಲ ಹೊಟ್ಟೆ ಉರಿಯುತ್ತೆ. ಆದರೆ ಐದು ಚಳಿಗಾಲ ಕಳೀತು, ಕೂದಲೆಳೆಯಷ್ಟೂ ಬಿರುಕಿಲ್ಲ.

ಡಲ್ಲಾಸ್ ಹುಬ್ಬಳ್ಳಿ: ಜೇಡಿ ಅಂದ್ರಲ್ಲ, ಅಲ್ಲೇ ಐತಿ ನೋಡ್ರಿ. ಇಲ್ಲಿ ಮಣ್ಣೂ ನಮ್ಮ ಎರಿ ಮಣ್ಣಿದ್ದಂಗ. ಮಳಿಗೆ ಉಬ್ಬತೈತಿ, ಬ್ಯಾಸಿಗ್ಯಾಗ ಕೈ ಹೋಗೂವಷ್ಟು ಬಿರಿತೈತಿ. ನಮ್ಮಪ್ಪ ಊರಾಗ ಮನಿ ಕಟ್ಟುವಾಗ ಎರಿ ಮಣ್ಣು ತಗಿಸಿ ಗರಸು ತುಂಬಿಸಿದ್ದರು. ಅದನ್ನ ಕಣ್ಣಾರೆ ಕಂಡು ಬೆಳೆದಾಂವ ನಾನು, 3,400 ಡಾಲರ್ ಕೊಟ್ಟೂ ಮೋಸ ಹೋದೆ. ಕಾಂಟ್ರಾಕ್ಟರ್ ಹುಲ್ಲು ಕೆತ್ತಿ ಮಣ್ಣಿನ ಮ್ಯಾಲೇ ಕಾಂಕ್ರೀಟ್ ಸುರುವಿದ. ಎರಡನೇ ಬ್ಯಾಸಿಗಿಗೆ ಒಂದು ಮೂಲಿ ಒಂದೂಕಾಲು ಇಂಚು ಕೂತಿತು. ನೀರು ಸ್ಕಿಮ್ಮರ್ (ಪಂಪು ನೀರು ಎಳಕೊಳ್ಳೂ ಬಾಯಿ) ಮುಟ್ಟಲಿಲ್ಲ, ಪಂಪು ಗಾಳಿ ಎಳದು ಸುಟ್ಟಿತು. ಪಂಪಿಗೆ 480, ಟಬ್ ಎತ್ತಿಸಲಿಕ್ಕೆ 600, ಸ್ಲ್ಯಾಬ್ ಒಡೆದು ಸಾಗಿಸಲಿಕ್ಕೆ 900, ಹೊಸದಕ್ಕ 3,900.

ಎಡಿಸನ್ ಸಿವಿಲ್: ಎಲ್ಲರೂ ತೂಕಕ್ಕೆ ಹೆದರ್ತಾರೆ. 400 ಗ್ಯಾಲನ್ ನೀರು ಅಂದರೆ 3,300 ಪೌಂಡ್ ಚಿಲ್ಲರೆ. ಟಬ್ಬು, ಜನ ಸೇರಿಸಿ 5,000 ಇಟ್ಟುಕೊಳ್ಳಿ. 64 ಚದರಡಿಗೆ ಹಂಚಿದರೆ ಚದರಡಿಗೆ ಸುಮಾರು 80 ಪೌಂಡ್, ನೆಲಕ್ಕೆ ಅದೇನೂ ಭಾರವಲ್ಲ. ಕೆಡಿಸೋದು ಅಡಿಯಲ್ಲಿ ನಿಲ್ಲೋ ನೀರು, ಅದು ಹೆಪ್ಪುಗಟ್ಟಿ ಮೇಲಕ್ಕೆ ಒತ್ತೋದು. ನಮ್ಮ ಮನೇಲಿ ಮರದ ಚೌಕಟ್ಟಿನೊಳಗೆ 6 ಇಂಚು ಜಲ್ಲಿ ಬಡಿದು ಕೂರಿಸಿದ್ದೇನೆ, ಅಷ್ಟೆ. 340 ಡಾಲರ್, ನಾಲ್ಕು ವರ್ಷ ಆಯ್ತು. ಮಿಷಿಗನ್ ಅಣ್ಣ, ನಿಮ್ಮದು ಉಳಿದಿರೋದೂ ಜಲ್ಲಿಯಿಂದ. ಡಲ್ಲಾಸ್ ಸರ್, ಕೆಲಸ ನಡೆಯುವಾಗ ನೀವು ಪಕ್ಕದಲ್ಲಿ ನಿಲ್ಲಬೇಕಿತ್ತು.

ಡಲ್ಲಾಸ್ ಹುಬ್ಬಳ್ಳಿ: ನಿಲ್ಲಬೇಕಿತ್ತು ಅಂತ ಹೇಳೂದು ಸುಲಭ ಐತ್ರಿ. ಅವತ್ತು ನಮ್ಮ ಹುಡುಗನ್ನ ದವಾಖಾನಿಗೆ ಕರ್ಕೊಂಡು ಹೋಗಿದ್ದೆ. ರೊಕ್ಕ ಕೊಟ್ಟ ಮ್ಯಾಲೂ ನಾನ ಕಾವಲು ಕಾಯಬೇಕೇನು?

ಮಿಷಿಗನ್ ಮಂಡ್ಯದವ: ಸಿವಿಲ್ ಸ್ವಾಮಿ, ನನ್ನ ಟಬ್ಬಿನ ಮ್ಯಾನ್ಯುಯಲ್‌ನಲ್ಲಿ ಕಾಂಕ್ರೀಟ್ ಅಂತಲೇ ಬರೆದಿದೆ. ಜಲ್ಲಿ ಮೇಲಿಟ್ಟು ಅಡಿಭಾಗ ಸೀಳಿದರೆ ವಾರಂಟಿ ನೀವು ಕೊಡ್ತೀರಾ? ಇಲ್ಲಿ ಚಳಿಗೆ ನೆಲವೇ ಹೆಪ್ಪುಗಟ್ಟುತ್ತೆ, ಪಾಯ 42 ಇಂಚು ಆಳ ಹೋಗಬೇಕು. ನಿಮ್ಮ ನ್ಯೂಜೆರ್ಸಿಯ ಚಳಿ ಇಟ್ಟುಕೊಂಡು ಮಿನ್ನೆಸೋಟಾಕ್ಕೆ ಬುದ್ಧಿ ಹೇಳಬೇಡಿ.

ಎಡಿಸನ್ ಸಿವಿಲ್: 42 ಇಂಚು ಮನೆಯ ಪಾಯಕ್ಕೆ. ನಿಮ್ಮ ಸ್ಲ್ಯಾಬ್ 4 ಇಂಚಿಗೇ ನಿಂತಿದೆಯಲ್ಲ! ಅದು ನೆಲದ ಜೊತೆ ಏಳುತ್ತೆ, ಇಳಿಯುತ್ತೆ. ಅದನ್ನೇ ನಾನು ಹೇಳಿದ್ದು.

ಸಿಯಾಟಲ್ ಶಿವಮೊಗ್ಗ: ಇಬ್ಬರೂ ಸ್ವಲ್ಪ ನಿಲ್ಲಿಸಿ. ಕರೆಂಟಿನ ಮಾತು ಯಾರೂ ಎತ್ತಲಿಲ್ಲ. ನಮ್ಮದು 240 ವೋಲ್ಟ್, 50 ಆಂಪ್. ಸ್ಲ್ಯಾಬ್ ಮುಗಿದು ಹನ್ನೊಂದನೇ ದಿನ ಎಲೆಕ್ಟ್ರಿಷಿಯನ್ ಬಂದು ವೈರ್ ಎಳೆಯೋ ಪೈಪ್ ಎಲ್ಲಿ ಅಂದ. ಹಾಕಿರಲೇ ಇಲ್ಲ. ಸುತ್ತು ಬಳಸಿ 38 ಅಡಿ ಕಾಲುವೆ ತೋಡಿಸಿ ಪೈಪ್ ತಂದಿದ್ದಕ್ಕೆ 1,150 ಡಾಲರ್ ಹೆಚ್ಚಾಯ್ತು, ನನ್ನ ಎರಡು ಮಲ್ಲಿಗೆ ಗಿಡವೂ ಹೋಯ್ತು. ಆಫ್ ಮಾಡೋ ಸ್ವಿಚ್ ಟಬ್ಬಿಂದ ಕಣ್ಣಿಗೆ ಕಾಣಬೇಕು, ಆದರೆ ಕನಿಷ್ಠ 5 ಅಡಿ ದೂರ ಇರಬೇಕು. ಅದನ್ನೂ ಮೊದಲೇ ಗುರುತು ಮಾಡಿ. ಮಿಷಿಗನ್ ಅಣ್ಣ, ನೀವು ಪರ್ಮಿಟ್ ತಗೊಂಡಿದ್ರಾ?

ಮಿಷಿಗನ್ ಮಂಡ್ಯದವ: ವೈರಿಂಗ್‌ಗೆ ತಗೊಂಡೆ. ಸ್ಲ್ಯಾಬ್‌ಗೆ ಇಲ್ಲ.

ಸಿಯಾಟಲ್ ಶಿವಮೊಗ್ಗ: ಬೇಕೋ ಬೇಡವೋ ಅಂತ ಕೇಳಿದ್ರಾದರೂ? ನಾಳೆ ಮನೆ ಮಾರುವಾಗ ಇನ್‌ಸ್ಪೆಕ್ಟರ್ ಕೇಳಿದರೆ ಏನು ಹೇಳ್ತೀರಿ? ಹೀಗೆ ಬರೆದರೆ ಹೊಸಬರು ಅದನ್ನೇ ಹಿಡಿದು ಸಿಕ್ಕಿಹಾಕಿಕೊಳ್ತಾರೆ. ನನಗೆ ನಿಜವಾಗಲೂ ಸಿಟ್ಟು ಬರುತ್ತೆ.

ಮಿಷಿಗನ್ ಮಂಡ್ಯದವ: ಅಕ್ಕ, ನಾನು ನಡೆದಿದ್ದನ್ನು ಹೇಳಿದೆ. ಹಾಗೇ ಮಾಡಿ ಅಂತ ಯಾರಿಗೂ ಹೇಳಲಿಲ್ಲ.

ಪ್ರಶ್ನೆ ಕೇಳಿದವರು: ಅಗೆಯುವ ಮೊದಲು ಗ್ಯಾಸು, ಕೇಬಲ್ ಗುರುತು ಮಾಡಿಸೋಕೆ 811ಕ್ಕೆ ಫೋನ್ ಮಾಡಿದೆ. ಸಿಟಿ ಆಫೀಸಿಗೆ ನಾಳೆ ಹೋಗ್ತೇನೆ. ಇಳಿಜಾರು ಅಳೆದರೆ 5 ಇಂಚು ಬಂತು. ಎತ್ತರದ ಕಡೆ ಕಡಿಯಲಾ, ತಗ್ಗಿನ ಕಡೆ ಮಣ್ಣು ತುಂಬಲಾ?

ಎಡಿಸನ್ ಸಿವಿಲ್: ಕಡಿಯಿರಿ. ತುಂಬಿದ ಮಣ್ಣು ಕೂರುತ್ತೆ.

ಡಲ್ಲಾಸ್ ಹುಬ್ಬಳ್ಳಿ: ಇದೊಂದು ಮಾತು ಖರೆ ಹೇಳಿದ್ರಿ. ಕಡದ ಕಡೆಯಿಂದ ಮಳಿ ನೀರು ಟಬ್ಬಿನ ಬುಡಕ್ಕ ಬರದಂಗ ಕಾಲುವಿ ಮಾಡ್ರಿ. ನಂದು ಕೂತ ಮೂಲಿನೂ ಹಂಗ ನೀರು ಬರೂ ಕಡೆದ ಐತಿ.