ರಿಟ್ ಅರ್ಜಿ ಹಿಂಪಡೆದರೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗಬಹುದೇ?

ಪ್ರಶ್ನೆ: ಸರ್ಫೇಸಿ ಕಾಯ್ದೆಯ (ಸಾಲ ತೀರದಿದ್ದಾಗ ಅಡಮಾನದ ಆಸ್ತಿಯನ್ನು ಬ್ಯಾಂಕೇ ವಶಪಡಿಸಿಕೊಳ್ಳಲು ಅವಕಾಶ ಕೊಡುವ ಕಾನೂನು) 13(4)ನೇ ಕಲಮಿನಡಿ ಬ್ಯಾಂಕಿನವರು ಮನೆ ಬಾಗಿಲಿಗೆ ಸ್ವಾಧೀನದ ನೋಟಿಸ್ ಅಂಟಿಸಿದಾಗ, ಗಾಬರಿಯಲ್ಲಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಿದೆವು. ಈಗ ವಕೀಲರು ಅದನ್ನು ಹಿಂಪಡೆಯೋಣ ಎನ್ನುತ್ತಿದ್ದಾರೆ. ಹಾಗೆ ಮಾಡಿದರೆ ನಮ್ಮ ಹಕ್ಕು ಹೋಗುವುದೇ?

ಉತ್ತರ 1: ವಕೀಲರ ಸಲಹೆ ಸರಿಯಾಗಿದೆ. ಅದೇ ಕಾಯ್ದೆಯ 17ನೇ ಕಲಮಿನಡಿ ಸಾಲ ವಸೂಲಾತಿ ನ್ಯಾಯಮಂಡಳಿಯಲ್ಲೇ ಪರಿಹಾರವಿರುವಾಗ ಹೈಕೋರ್ಟ್ ಸಾಮಾನ್ಯವಾಗಿ ಮಧ್ಯಪ್ರವೇಶಿಸಬಾರದೆಂದು ಸುಪ್ರೀಂ ಕೋರ್ಟ್ 2010ರ ಸತ್ಯವತಿ ಟಂಡನ್ ಪ್ರಕರಣದಲ್ಲಿ ಹೇಳಿದೆ. ಆದರೆ ಬರಿದೇ ‘ಹಿಂಪಡೆದಿದ್ದರಿಂದ ವಜಾ’ ಎಂಬ ಆದೇಶಕ್ಕೆ ತೃಪ್ತರಾಗಬೇಡಿ. ನ್ಯಾಯಮಂಡಳಿಗೆ ಹೋಗುವ ಸ್ವಾತಂತ್ರ್ಯವನ್ನು ಹಿಂಪಡೆಯಲು ಸಲ್ಲಿಸುವ ಮೆಮೊದಲ್ಲೇ (ಲಿಖಿತ ಕೋರಿಕೆಯಲ್ಲೇ) ಕೋರಿ, ಆ ಸಾಲು ಆದೇಶದ ಪ್ರತಿಯಲ್ಲಿ ಬಂದಿದೆಯೇ ಎಂದು ನೀವೇ ಓದಿ ನೋಡಿ.

ಉತ್ತರ 2: ನ್ಯಾಯಮಂಡಳಿಗೆ ಅರ್ಜಿ ಹಾಕಲು ಗಡುವು ಬ್ಯಾಂಕ್ ಸ್ವಾಧೀನದ ಕ್ರಮ ಕೈಗೊಂಡ ದಿನದಿಂದ 45 ದಿನ ಎಂಬುದು ನೆನಪಿರಲಿ. ರಿಟ್ ನಡೆದ ಅವಧಿಯನ್ನು ಕಾಲಮಿತಿ ಕಾಯ್ದೆಯ 14ನೇ ಕಲಮಿನಡಿ ಈ ಗಡುವಿನ ಲೆಕ್ಕದಿಂದ ಕಳೆಯುವಂತೆ ಕೋರಬಹುದಾದರೂ, ಅದನ್ನೇ ನಂಬಿ ಕೂರಬೇಡಿ. ಹೈಕೋರ್ಟಿನ ಮಧ್ಯಂತರ ತಡೆ ಇದ್ದರೆ, ರಿಟ್ ಅರ್ಜಿ ಹಿಂಪಡೆದಾಗ ಅದೂ ಕೊನೆಗೊಳ್ಳುತ್ತದೆ. ಆದ್ದರಿಂದ ನ್ಯಾಯಮಂಡಳಿಯ ಅರ್ಜಿಯನ್ನು ಮೊದಲೇ ಸಿದ್ಧವಾಗಿಟ್ಟುಕೊಳ್ಳಿ.