ಮಳೆಗಾಲ ಪೂರ್ತಿ ನಿಂತ 75 ಕಿಲೋವ್ಯಾಟ್ ಮೋಟರ್: ಮೆಗ್ಗರ್ 3 ತೋರಿಸಿದರೆ ಚಾಲೂ ಮಾಡಬಹುದೇ?

ಪ್ರಶ್ನೆ (ಸಕ್ಕರೆ ಕಾರ್ಖಾನೆ ಎಲೆಕ್ಟ್ರಿಷಿಯನ್, ಬಾಗಲಕೋಟೆ ಜಿಲ್ಲೆ):

ಸರ್ ನಮಸ್ಕಾರ್ರೀ. ಕಬ್ಬು ನುರಿಸೋ ಹಂಗಾಮು ಹತ್ರ ಬಂದೈತ್ರಿ. ಇಂಜೆಕ್ಷನ್ ಪಂಪಿನ ಮೋಟರ್, 75 ಕಿಲೋವ್ಯಾಟ್, 415 ವೋಲ್ಟ್, ಸ್ಟಾರ್-ಡೆಲ್ಟಾ ಸ್ಟಾರ್ಟರ್. ಹೋದ ಹಂಗಾಮು ಮುಗಿದ ಮ್ಯಾಲೆ ರಿವೈಂಡಿಂಗ್ ಮಾಡಿಸಿ ತಂದು ಕೂರ್ಸಿದ್ವಿ, ಮಳಿಗಾಲ ಪೂರ್ತಿ ಹಂಗ ನಿಂತಿತ್ತು. ಇವತ್ತು ಮುಂಜಾನೆ 25 ಡಿಗ್ರಿ ಇದ್ದಾಗ 500 ವೋಲ್ಟ್ ಮೆಗ್ಗರ್ ಹಚ್ಚಿದ್ರ 3 ಮೆಗಾಓಮ್ ತೋರ್ಸಾಕತ್ತೈತಿ. ‘ಒಂದರ ಮ್ಯಾಲೆ ಇದ್ರ ಸಾಕು, ಚಾಲೂ ಮಾಡ್ರಿ’ ಅಂತಾರ ನಮ್ಮ ಫೋರ್‌ಮನ್ ಸಾಹೇಬ್ರು. ನನಗ ಧೈರ್ಯ ಸಾಲವಲ್ದು. ಏನ್ ಮಾಡ್ಲಿರಿ?

ಉತ್ತರ (ಕಮಿಷನಿಂಗ್ ಎಂಜಿನಿಯರ್, ಪೀಣ್ಯ, ಬೆಂಗಳೂರು):

ಚಾಲೂ ಮಾಡಬೇಡಿ. ಧೈರ್ಯ ಸಾಲದೆ ನಿಂತಿರಲ್ಲ, ಅದೇ ಸರಿ.

ಮೆಗ್ಗರ್ ಅಳೆಯುವುದು ಇನ್ಸುಲೇಷನ್ ರೆಸಿಸ್ಟೆನ್ಸ್, ಅಂದರೆ ವೈಂಡಿಂಗಿನ (ಒಳಗಿನ ತಾಮ್ರದ ಸುರುಳಿಯ) ಹೊದಿಕೆ ಕರೆಂಟ್ ಸೋರದಂತೆ ಎಷ್ಟು ತಡೆಯುತ್ತದೆ ಅಂತ. ಅದು ತೋರಿಸುವ ಅಂಕಿಗೆ ಪಕ್ಕದಲ್ಲಿ ವೈಂಡಿಂಗಿನ ಉಷ್ಣತೆ ಬರೆಯದಿದ್ದರೆ ಬೆಲೆಯಿಲ್ಲ. ನೀವು ಬರೆದಿದ್ದೀರಿ, ಹಾಗಾಗಿ ಲೆಕ್ಕ ಹಾಕಬಹುದು. ಉಷ್ಣತೆ 10 ಡಿಗ್ರಿ ಏರಿದಂತೆಲ್ಲ ಇನ್ಸುಲೇಷನ್ ರೆಸಿಸ್ಟೆನ್ಸ್ ಸುಮಾರು ಅರ್ಧಕ್ಕೆ ಇಳಿಯುತ್ತದೆ. ನಿಮ್ಮ 3 ಮೆಗಾಓಮನ್ನು 40 ಡಿಗ್ರಿಯ ಲೆಕ್ಕಕ್ಕೆ ತಂದರೆ ಉಳಿಯುವುದು 1 ಮೆಗಾಓಮ್ ಆಸುಪಾಸು. ಇನ್ಸುಲೇಷನ್ ಪರೀಕ್ಷೆಯ ಐಟ್ರಿಪಲ್‌ಇ 43 ಮಾನದಂಡದ ಪ್ರಕಾರ ಇಂಥ ಕಡಿಮೆ ವೋಲ್ಟೇಜಿನ ಮೋಟರಿಗೆ 40 ಡಿಗ್ರಿಯಲ್ಲಿ ಕನಿಷ್ಠ 5 ಮೆಗಾಓಮ್ ಇರಬೇಕು. ಫೋರ್‌ಮನ್ ಹೇಳುವ ‘ಒಂದು’ ಹಳೆಯ ಸೂತ್ರದಿಂದ ಬಂದದ್ದು: ವೋಲ್ಟೇಜನ್ನು ಕಿಲೋವೋಲ್ಟಿನಲ್ಲಿ ಬರೆದು ಒಂದು ಕೂಡಿಸು, ಅಷ್ಟು ಮೆಗಾಓಮ್ ಬೇಕು ಅಂತ. ಅದರ ಪ್ರಕಾರವೂ 415 ವೋಲ್ಟಿಗೆ 1.4 ಬೇಕು. ಅದಕ್ಕೂ ನಿಮ್ಮ ಮೋಟರ್ ಮುಟ್ಟುತ್ತಿಲ್ಲ.

ಆದರೆ ಒಣಗಿಸಲು ಓಡುವ ಮುಂಚೆ ಒಂದು ಕೆಲಸ ಮಾಡಿ. ಐಸೋಲೇಟರ್ ಆಫ್ ಮಾಡಿ, ಫ್ಯೂಸ್ ತೆಗೆದು, ಎಚ್ಚರಿಕೆ ಬೋರ್ಡ್ ತೂಗುಹಾಕಿ, ಕೇಬಲನ್ನು ಮೋಟರಿನಿಂದ ಬಿಡಿಸಿ ಎರಡನ್ನೂ ಬೇರೆಬೇರೆ ಅಳೆಯಿರಿ. ನೀರು ಕೂತಿರುವುದು ಕೇಬಲ್ ಟ್ರೆಂಚಿನಲ್ಲೇ ಆಗಿರಬಹುದು. ಟರ್ಮಿನಲ್ ಬಾಕ್ಸ್ ತೆರೆದು ಒಳಗಿನ ಟರ್ಮಿನಲ್ ಬೋರ್ಡನ್ನು ಒಣ ಬಟ್ಟೆಯಿಂದ ಒರೆಸಿ. ಕಬ್ಬಿನ ಸಿಪ್ಪೆಯ ಧೂಳು ತೇವ ಹೀರಿಕೊಂಡು ಅಲ್ಲೇ ಸೋರಿಕೆಗೆ ದಾರಿ ಮಾಡಿರುತ್ತದೆ. ಎಷ್ಟೋ ಮೋಟರ್‌ಗಳ ರೀಡಿಂಗ್ ಇಷ್ಟಕ್ಕೇ ಸುಧಾರಿಸುತ್ತದೆ.

ಆಮೇಲೂ ಕಡಿಮೆಯೇ ಇದ್ದರೆ 1 ನಿಮಿಷದ ರೀಡಿಂಗ್, 10 ನಿಮಿಷದ ರೀಡಿಂಗ್ ಎರಡೂ ತೆಗೆದುಕೊಳ್ಳಿ. ಹತ್ತರದ್ದನ್ನು ಒಂದರಿಂದ ಭಾಗಿಸಿದರೆ ಪೋಲರೈಸೇಷನ್ ಇಂಡೆಕ್ಸ್. ದೊಡ್ಡ ಮೋಟರ್‌ಗಳಿಗೆ 2 ಇರಬೇಕು ಅನ್ನುತ್ತೇವೆ, ನಿಮ್ಮದರಂಥ ಮೋಟರಿಗೆ ಆ ಪಟ್ಟು ಬೇಡ. ಆದರೆ ರೀಡಿಂಗೂ ಕಡಿಮೆ, ಇಂಡೆಕ್ಸೂ 1ರ ಹತ್ತಿರ ಎಂದರೆ ಒಳಗೆ ತೇವವೋ ಕೊಳೆಯೋ ಇದೆ ಅಂತಲೇ. ಪರೀಕ್ಷೆ ಮುಗಿದ ಮೇಲೆ ವೈಂಡಿಂಗನ್ನು ಅರ್ಥಿಗೆ ಕಟ್ಟಿ ಬಿಡಿ. ಮೆಗ್ಗರ್ ಹಿಡಿದ ಹೊತ್ತಿನ ನಾಲ್ಕು ಪಟ್ಟು ಹೊತ್ತು ಅಲ್ಲೇ ಇರಲಿ.

ಒಣಗಿಸುವುದಕ್ಕೆ ಬಿಸಿಗಾಳಿ ಬ್ಲೋವರ್ ಅಥವಾ ಹ್ಯಾಲೋಜನ್ ಬಲ್ಬು ಸಾಕು. ತೇವದ ಗಾಳಿ ಹೊರಹೋಗಲು ಮೇಲ್ಗಡೆ ದಾರಿ ಬಿಡಿ. ವೈಂಡಿಂಗ್ 80 ಡಿಗ್ರಿ ದಾಟದಿರಲಿ, ಏರಿಕೆ ನಿಧಾನವಾಗಿರಲಿ. ಒಮ್ಮೆಲೇ ಕಾಯಿಸಿದರೆ ಒಳಗೆ ಸಿಕ್ಕಿದ ನೀರು ಆವಿಯಾಗಿ ಇನ್ಸುಲೇಷನ್ನನ್ನೇ ಸೀಳುತ್ತದೆ. ವೆಲ್ಡಿಂಗ್ ಸೆಟ್ಟಿನ ಕರೆಂಟ್ ಹರಿಸಿ ಒಣಗಿಸುವವರಿದ್ದಾರೆ. ವೈಂಡಿಂಗಿನೊಳಗೆ ಆರ್‌ಟಿಡಿ (ಉಷ್ಣತೆ ಅಳೆಯುವ ಸೆನ್ಸರ್) ಇಲ್ಲದಿದ್ದರೆ ಆ ದಾರಿ ಬೇಡ, ತಾಮ್ರ ಎಷ್ಟು ಕಾದಿದೆ ಅಂತ ಹೊರಗಿನಿಂದ ಗೊತ್ತಾಗುವುದಿಲ್ಲ.

ಗಂಟೆಗೊಮ್ಮೆ ರೀಡಿಂಗ್, ಉಷ್ಣತೆ ಎರಡೂ ಬರೆಯಿರಿ. ಮೊದಮೊದಲು ರೀಡಿಂಗ್ ಇನ್ನೂ ಕೆಳಗಿಳಿಯುತ್ತದೆ, ಗಾಬರಿಯಾಗಬೇಡಿ. ಆಮೇಲೆ ತಿರುಗಿ ಏರುತ್ತದೆ, ಕೊನೆಗೆ ಒಂದು ಮಟ್ಟದಲ್ಲಿ ನಿಲ್ಲುತ್ತದೆ. ಹಾಗೆ ನಿಂತ ಮೇಲೆ ಬ್ಲೋವರ್ ತೆಗೆಯಿರಿ, ಮೊದಲಲ್ಲ.

ಪ್ರಶ್ನೆ (ಅಕ್ಕಿ ಗಿರಣಿ, ಗಂಗಾವತಿ):

ಸರ್, ಇದೇ ವಿಷಯಕ್ಕೆ ಹತ್ತಿರದ್ದು. ನಮ್ಮ 45 ಕಿಲೋವ್ಯಾಟ್ ಮೋಟರ್ ರಿವೈಂಡಿಂಗಿನಿಂದ ಬಂದಿದೆ. ಲೋಡಿನಲ್ಲಿ 70, 62, 54 ಆಂಪ್ ತೋರಿಸುತ್ತಿದೆ. ವೈಂಡಿಂಗ್ ಅಂಗಡಿಯವರು ‘ನಮ್ಮದು ಸರಿ ಇದೆ, ನಿಮ್ಮ ಲೈನೇ ಸರಿ ಇಲ್ಲ’ ಅನ್ನುತ್ತಾರೆ. ವೋಲ್ಟೇಜ್ 418, 410, 402. ಯಾರನ್ನು ನಂಬಲಿ?

ಉತ್ತರ:

ಅಳತೆಯನ್ನು ನಂಬಿ. ವೋಲ್ಟೇಜಿನ ಸರಾಸರಿ 410, ಅದರಿಂದ ಹೆಚ್ಚೆಂದರೆ 8 ವ್ಯತ್ಯಾಸ, ಅಂದರೆ ಶೇಕಡಾ 2ರ ಹತ್ತಿರ ಅಸಮತೋಲ. ಸಣ್ಣದು ಅನ್ನಿಸಬಹುದು, ಆದರೆ ಕರೆಂಟಿನಲ್ಲಿ ಅದು 6ರಿಂದ 10 ಪಟ್ಟಾಗಿ ಕಾಣುತ್ತದೆ. ನಿಮ್ಮ ಕರೆಂಟಿನ ಅಸಮತೋಲ ಶೇಕಡಾ 13ರಷ್ಟಿದೆ. ಲೆಕ್ಕ ಲೈನಿನ ಕಡೆಗೇ ಬೆರಳು ತೋರಿಸುತ್ತಿದೆ.

ಖಾತ್ರಿ ಮಾಡಿಕೊಳ್ಳಲು ಮೋಟರಿಗೆ ಬರುವ ಮೂರೂ ವೈರುಗಳನ್ನು ಒಂದೊಂದು ಸ್ಥಾನ ಮುಂದಕ್ಕೆ ಸರಿಸಿ ಕಟ್ಟಿ. ಮೂರನ್ನೂ ಸರಿಸಿದರೆ ತಿರುಗುವ ದಿಕ್ಕು ಬದಲಾಗುವುದಿಲ್ಲ. ಸ್ಟಾರ್-ಡೆಲ್ಟಾ ಇದ್ದರೆ ಸ್ಟಾರ್ಟರಿನ ಇನ್‌ಕಮಿಂಗ್ ಕಡೆ ಸರಿಸಿ, ಮೋಟರಿನ ಆರು ತುದಿ ಮುಟ್ಟಬೇಡಿ. ಹೆಚ್ಚಿನ ಆಂಪ್ ಅದೇ ಸಪ್ಲೈ ಫೇಸಿನಲ್ಲೇ ಉಳಿದರೆ ದೋಷ ಲೈನಿನದು. ಮೋಟರಿನ ಅದೇ ವೈಂಡಿಂಗಿನ ಜೊತೆ ಹೋದರೆ ಅಂಗಡಿಗೆ ವಾಪಸ್ ಕಳಿಸಿ. ಆಗ ಅವರ ಎದುರೇ ಮೂರೂ ಫೇಸಿನ ರೆಸಿಸ್ಟೆನ್ಸ್ ಮೈಕ್ರೋ ಓಮ್ ಮೀಟರಿನಲ್ಲಿ ಅಳೆಸಿ. ಇಷ್ಟು ದೊಡ್ಡ ಮೋಟರಿನಲ್ಲಿ ಅದು ಓಮಿನ ಸಣ್ಣದೊಂದು ಭಾಗ ಮಾತ್ರ, ಮಲ್ಟಿಮೀಟರಿಗೆ ಸಿಗುವುದಿಲ್ಲ.

ಲೈನ್ ದೋಷವೇ ಆದರೆ ಮೊದಲು ನಿಮ್ಮ ಪ್ಯಾನಲ್ ನೋಡಿ: ಸುಟ್ಟ ಐಸೋಲೇಟರ್ ಕಾಂಟ್ಯಾಕ್ಟ್, ಒಂದು ಫೇಸಿನ ಫ್ಯೂಸ್ ಹೋದ ಕೆಪಾಸಿಟರ್ ಬ್ಯಾಂಕ್, ಒಂದೇ ಫೇಸಿಗೆ ಹೇರಿದ ಸಿಂಗಲ್ ಫೇಸ್ ಲೋಡು. ಸರಿಹೋಗುವವರೆಗೆ ಮೋಟರಿನ ಸಾಮರ್ಥ್ಯ ಶೇಕಡಾ 5ರಷ್ಟು ಕಡಿಮೆ ಅಂತಲೇ ತಿಳಿದು ಓಡಿಸಿ.

ಪ್ರಶ್ನೆ (ಡಿಪ್ಲೊಮಾ ಟ್ರೈನಿ, ಹಾಸನ):

ಸರ್, ವಿಎಫ್‌ಡಿ (ವೇಗ ಬದಲಿಸುವ ಡ್ರೈವ್) ಇರುವ ಮೋಟರಿಗೆ ಡ್ರೈವಿನ ಔಟ್‌ಪುಟ್ ಟರ್ಮಿನಲ್ಲಿನಲ್ಲೇ ಮೆಗ್ಗರ್ ಹಿಡಿಯಬಹುದಾ? ಮೋಟರ್ ತುಂಬ ಎತ್ತರದಲ್ಲಿದೆ.

ಉತ್ತರ:

ಹಿಡಿಯಬೇಡಿ ಮೇಡಂ. 500 ವೋಲ್ಟ್ ಡಿಸಿ ಡ್ರೈವಿನ ಐಜಿಬಿಟಿಗಳನ್ನು, ಅಂದರೆ ಒಳಗಿನ ಎಲೆಕ್ಟ್ರಾನಿಕ್ ಸ್ವಿಚ್‌ಗಳನ್ನು, ಕೊಲ್ಲಬಲ್ಲದು. ಡ್ರೈವ್ ಆಫ್ ಮಾಡಿ, ಒಳಗಿನ ಕೆಪಾಸಿಟರ್ ಖಾಲಿಯಾಗಲು ಮ್ಯಾನ್ಯುಯಲ್ ಹೇಳಿದಷ್ಟು ಹೊತ್ತು ಕಾದು, ಔಟ್‌ಪುಟ್ ಕೇಬಲ್ ಬಿಚ್ಚಿ, ಆ ಕೇಬಲಿನ ತುದಿಯಲ್ಲಿ ಅಳೆಯಿರಿ. ಎತ್ತರ ಹತ್ತಬೇಕಾಗಿಲ್ಲ. ವೈಂಡಿಂಗಿನಲ್ಲಿ ಪಿಟಿಸಿ ಥರ್ಮಿಸ್ಟರ್ (ಅತಿ ಬಿಸಿ ಗುರುತಿಸುವ ಸೆನ್ಸರ್) ಇದ್ದರೆ ಅದರ ಎರಡು ತುದಿ ಸೇರಿಸಿ ಅರ್ಥಿಗೆ ಕಟ್ಟಿಟ್ಟಿರಿ. ಆದರೆ ಥರ್ಮಿಸ್ಟರಿನ ಎರಡು ತುದಿಗಳ ನಡುವೆ ಎಂದೂ ಮೆಗ್ಗರ್ ಹಿಡಿಯಬಾರದು.

ಬಾಗಲಕೋಟೆಯಿಂದ ಮತ್ತೆ:

ಸರ್, ಕೇಬಲ್ ಛಲೋ ಐತ್ರಿ, ಮೋಟರ್‌ನ್ಯಾಗ ತೇವ ಇತ್ತು. 60 ಡಿಗ್ರಿಗೆ ಬಂದಾಗ 0.4ಕ್ಕ ಇಳೀತು, ನೀವು ಹೇಳಿದ್ದಕ್ಕ ಗಾಬರಿ ಆಗ್ಲಿಲ್ಲ. ಆಮ್ಯಾಲೆ ಏರಿ 75 ಡಿಗ್ರಿ ಒಳಗ 4ಕ್ಕ ನಿಂತು. ತಣ್ಣಗಾದ ಮ್ಯಾಲೆ 30 ಡಿಗ್ರಿಗೆ 85 ಐತಿ. ಈಗ ಚಾಲೂ ಮಾಡ್ಲಿರಿ? ಓವರ್‌ಲೋಡ್ ರಿಲೇ ಮೋಟರ್ ನೇಮ್‌ಪ್ಲೇಟಿನ ಆಂಪಿಗೆ, 130ಕ್ಕ ಇಟ್ಟೀನಿ.

ಉತ್ತರ:

ಬಹಳ ಚೆನ್ನಾಗಿ ಮಾಡಿದ್ದೀರಿ. 40 ಡಿಗ್ರಿಯ ಲೆಕ್ಕಕ್ಕೆ 40 ಮೆಗಾಓಮ್ ದಾಟಿತು. ಆ ಕಾಗದ ಜೋಪಾನವಾಗಿಡಿ, ಮುಂದಿನ ವರ್ಷ ಹೋಲಿಸಲು ಬೇಕು.

ಚಾಲೂ ಮಾಡಿ, ಆದರೆ ಕಪ್ಲಿಂಗ್ ಬಿಚ್ಚಿಟ್ಟು. ಮೊದಲು ಶಾಫ್ಟ್ ಕೈಯಲ್ಲಿ ತಿರುಗಿಸಿ, ತಿಂಗಳುಗಟ್ಟಲೆ ನಿಂತ ಬೇರಿಂಗಿನಲ್ಲಿ ಗ್ರೀಸ್ ಗಟ್ಟಿಯಾಗಿರುತ್ತದೆ. ಫ್ರೇಮಿಗೆ ಎರಡು ಪ್ರತ್ಯೇಕ ಅರ್ಥಿಂಗ್ ಪಟ್ಟಿ ಬಿಗಿಯಾಗಿವೆಯೇ ನೋಡಿ. ಒಂದು ಕ್ಷಣ ಸ್ವಿಚ್ ಕೊಟ್ಟು ದಿಕ್ಕು ಪರೀಕ್ಷಿಸಿ, ಆಮೇಲೆ ಖಾಲಿ ಓಡಿಸಿ. ಬೇರಿಂಗ್ ಉಷ್ಣತೆ ಏರುವುದು ನಿಲ್ಲುವವರೆಗೆ ಓಡಲಿ. ನಾಲ್ಕು ಪೋಲಿನ ಮೋಟರ್ ಆದರೆ ಖಾಲಿ ಕರೆಂಟ್ ಪ್ಲೇಟಿನ ಆಂಪಿನ ಕಾಲು ಭಾಗದಿಂದ ಅರ್ಧದೊಳಗೆ ಇರಬೇಕು, ಮೂರೂ ಫೇಸಿನಲ್ಲಿ ಹೆಚ್ಚುಕಡಿಮೆ ಸಮ. ಕಾಂಕ್ರೀಟ್ ಪಾಯದ ಮೇಲಿನ ಈ ಗಾತ್ರದ ಮೋಟರಿಗೆ ವೈಬ್ರೇಷನ್ ಸೆಕೆಂಡಿಗೆ 2.8 ಮಿಲಿಮೀಟರ್ ಒಳಗಿರಲಿ. ಆಮೇಲೆ ಡಯಲ್ ಗೇಜಿನಲ್ಲಿ ಅಲೈನ್‌ಮೆಂಟ್ ನೋಡಿ ಕಪ್ಲಿಂಗ್ ಕಟ್ಟಿ. ತಣ್ಣಗಿದ್ದಾಗ ಬೆನ್ನುಬೆನ್ನಿಗೆ ಎರಡು ಸ್ಟಾರ್ಟ್, ಅದರ ಮೇಲೆ ಬೇಡ.

ರಿಲೇ, ಅಂದರೆ ಕರೆಂಟ್ ಮಿತಿ ಮೀರಿದರೆ ಮೋಟರನ್ನು ನಿಲ್ಲಿಸುವ ಸಾಧನ, ಮಾತ್ರ ಈಗಲೇ ನೋಡಿ. ಸ್ಟಾರ್-ಡೆಲ್ಟಾ ಸ್ಟಾರ್ಟರಿನಲ್ಲಿ ಸಾಮಾನ್ಯವಾಗಿ ಅದು ಮೇನ್ ಕಾಂಟ್ಯಾಕ್ಟರಿನ ಕೆಳಗೆ, ಮೋಟರಿಗೆ ಹೋಗುವ ಫೇಸ್ ವೈರಿನಲ್ಲಿ ಇರುತ್ತದೆ. ಅಲ್ಲಿ ಹರಿಯುವುದು ಲೈನ್ ಕರೆಂಟಿನ 0.58 ಭಾಗ. ನಿಮ್ಮದೂ ಅಲ್ಲೇ ಇದ್ದರೆ 130ರ ಬದಲು 75 ಆಂಪಿಗೆ ಇಡಿ. 130ಕ್ಕೆ ಬಿಟ್ಟರೆ ಮೋಟರ್ ಸುಟ್ಟರೂ ರಿಲೇ ಬೀಳುವುದಿಲ್ಲ.